ಪವನಾ ದಂಡೆಯ ಕಪ್ಪುತುದಿ ಪುಟ್ಟಮೀನು: ಬಲೆ ಹಾಕದೆ ನೋಡುವ, ಗುರುತಿಸುವ, ಲೆಕ್ಕವಿಡುವ ಬಗೆ

ಪುಣೆಯ ಪಕ್ಕದ ನಿಗಡಿ, ಚಿಖಲಿ, ಭೋಸರಿ ಕಡೆ ಮನೆ ಮಾಡಿಕೊಂಡಿರುವ ಕನ್ನಡಿಗರಿಗೆ ಪವನಾ ನದಿ ಎಂದರೆ ನಲ್ಲಿಯಲ್ಲಿ ಬರುವ ನೀರು, ಇಲ್ಲವೇ ಚಿಂಚವಡದ ಮೋರಯಾ ಗೋಸಾವಿ ಗುಡಿಯ ಪಕ್ಕದಲ್ಲಿ ಹರಿಯುವ ನೀರು. ಅದು ದಾಪೋಡಿಯಲ್ಲಿ ಮುಳಾ ನದಿಯನ್ನು ಸೇರುತ್ತದೆ, ಸಂಗಮವಾಡಿಯಲ್ಲಿ ಮುಠಾ ಬಂದು ಕೂಡುತ್ತದೆ, ರಾಂಜಣಗಾಂವ ಸಾಂಡಸದ ಬಳಿ ಎಲ್ಲವೂ ಭೀಮೆಯ ಪಾಲಾಗುತ್ತದೆ. ಅಲ್ಲಿಂದ ಉಜನಿ, ಪಂಢರಪುರ, ಗಾಣಗಾಪುರ, ಕೊನೆಗೆ ಕೃಷ್ಣೆ. ಕಲಬುರಗಿ, ವಿಜಯಪುರದಿಂದ ಪುಣೆಗೆ ಬಂದವರಿಗೆ ತಮ್ಮ ಊರಿನ ಹೊಳೆಯ ತಲೆಗಟ್ಟು ಮನೆಯಿಂದ ಒಂದೆರಡು ಗಂಟೆಯ ದಾರಿಯಲ್ಲೇ ಇದೆ.

ಆ ತಲೆಗಟ್ಟಿನ ನೀರಲ್ಲಿ ಹೆಬ್ಬೆರಳುದ್ದದ ಒಂದು ಮೀನಿದೆ. ಹೆಸರು ಪೆಥಿಯಾ ಸಂಜಯಮೋಲುರಿ. ಉನ್ಮೇಶ್ ಕಾಟ್ವಾಟೆ ಮತ್ತು ಸಂಗಡಿಗರು 2016ರಲ್ಲಿ ‘ಜರ್ನಲ್ ಆಫ್ ಫಿಶ್ ಬಯಾಲಜಿ’ಯಲ್ಲಿ ಇದನ್ನು ಹೊಸ ಜಾತಿ ಎಂದು ವಿವರಿಸಿದರು. ವನ್ಯಜೀವಿ ಸಂರಕ್ಷಣೆಯಲ್ಲಿ ದುಡಿಯುತ್ತಿರುವ ಸಂಜಯ್ ಮೋಲುರ್ ಅವರ ಹೆಸರನ್ನು ಅದಕ್ಕಿಟ್ಟರು. ವಿವರಣೆಗೆ ಸಿಕ್ಕ ಮೀನುಗಳು ಭೀಮೆಯ ಎರಡು ಉಪನದಿಗಳವು, ಪವನಾ ಮತ್ತು ನೀರಾ. ನೀರಾ ಅಂದರೆ ನಮ್ಮಲ್ಲಿ ಎಷ್ಟೋ ಮನೆಗಳ ಕುಲದೇವರಿರುವ ನರಸಿಂಗಪುರದಲ್ಲಿ ಭೀಮೆಗೆ ಕೂಡುವ ಅದೇ ನೀರಾ. ಪೆಥಿಯಾ ಎಂಬುದು ಸಿಂಹಳದಲ್ಲಿ ಇಂಥ ಚಿಕ್ಕ ಗೆಂಡೆಜಾತಿಯ ಮೀನುಗಳಿಗೆ ಇರುವ ಆಡುಮಾತು. ಪುಣೆಯ ಸುತ್ತಿನ ಹಳ್ಳಿಗರು ಇಂಥವನ್ನೆಲ್ಲ ಒಟ್ಟಾಗಿ ಖವಲಿ ಎನ್ನುತ್ತಾರೆ. ಬೆನ್ನುರೆಕ್ಕೆಯ ತುದಿ ಕಪ್ಪಗಿರುವುದರಿಂದ ಈ ಬರಹದಲ್ಲಿ ಇದನ್ನು ಕಪ್ಪುತುದಿ ಎಂದು ಕರೆಯೋಣ.

ಇದನ್ನು ಹಿಡಿಯುವುದು ಹೇಗೆ ಎಂದು ಇಲ್ಲಿ ಹೇಳುವುದಿಲ್ಲ. ಹಿಡಿಯಲು ಅನುಮತಿ ಬೇಕು, ಹಿಡಿದರೆ ಮೀನಿಗೆ ಪೆಟ್ಟು, ಮೇಲಾಗಿ ನೋಡುವುದಕ್ಕೆ ಹಿಡಿಯಬೇಕಾದ ಅಗತ್ಯವೇ ಇಲ್ಲ. ಒಂದು ಪಿವಿಸಿ ಕೊಳವೆ, ಒಂದು ಸಣ್ಣ ಕ್ಯಾಮೆರಾ, ಒಂದು ಥರ್ಮಾಮೀಟರು, ಒಂದು ಪುಸ್ತಕ ಇದ್ದರೆ ಚಳಿಗಾಲವಿಡೀ ಮಾಡುವಷ್ಟು ಕೆಲಸವಿದೆ.

ಯಾವಾಗ ಹೋಗಬೇಕು

ನವೆಂಬರ್ ಮೊದಲ ವಾರದಿಂದ ಫೆಬ್ರವರಿ ಕೊನೆಯವರೆಗೆ. ಮಳೆಗಾಲದ ಕೆಂಪು ನೀರು ಅಕ್ಟೋಬರ್ ಕೊನೆಗೆ ತಿಳಿಯಾಗುತ್ತದೆ, ಹರಿವು ತಗ್ಗುತ್ತದೆ, ಆ ವರ್ಷ ಹುಟ್ಟಿದ ಮರಿಗಳು ಕಣ್ಣಿಗೆ ಕಾಣುವಷ್ಟು ಬೆಳೆದಿರುತ್ತವೆ. ಬೆಳಿಗ್ಗೆ ಹತ್ತರಿಂದ ಹನ್ನೆರಡೂವರೆ ಒಳ್ಳೆಯ ಹೊತ್ತು. ಬಿಸಿಲು ನೀರೊಳಗೆ ಇಳಿಯುವಷ್ಟು ಮೇಲೇರಿರುತ್ತದೆ, ಗಾಳಿ ಇನ್ನೂ ಎದ್ದಿರುವುದಿಲ್ಲ.

ಮಾರ್ಚ್‌ನಿಂದ ಮೇ ವರೆಗೆ ಸಣ್ಣ ಹಳ್ಳಗಳು ತುಂಡಾಗಿ ಬರೀ ಮಡುಗಳು ಉಳಿಯುತ್ತವೆ. ಆಗ ಮೀನು ಸುಲಭವಾಗಿ ಕಾಣುತ್ತದೆ ಎಂದು ಇಳಿಯುವವರುಂಟು. ಆ ಮಡುವಿನಲ್ಲಿ ಉಳಿದಿರುವ ಮೀನುಗಳೇ ಮುಂದಿನ ಮಳೆಗೆ ಮೊಟ್ಟೆಯಿಡಬೇಕಾದವು. ಕೆಸರು ಕದಡಿದರೆ ತಳದಲ್ಲಿ ಕೊಳೆಯುತ್ತಿರುವ ಎಲೆ ಮೇಲೆದ್ದು, ಮೊದಲೇ ಕಡಿಮೆಯಿರುವ ಆಮ್ಲಜನಕವನ್ನು ಹೀರುತ್ತದೆ. ದಂಡೆಯ ಮೇಲಿಂದ ನೋಡಿ, ನೀರಿಗೆ ಕಾಲಿಡಬೇಡಿ.

ಜೂನ್‌ನಿಂದ ಸೆಪ್ಟೆಂಬರ್ ವರೆಗೆ ಹೋಗಲೇಬೇಡಿ. ಲೋಣಾವಳೆಯ ಗುಡ್ಡದಲ್ಲಿ ಸುರಿದ ಮಳೆ ಕೆಳಗೆ ಬಿಸಿಲಿದ್ದಾಗಲೂ ಹಳ್ಳವನ್ನು ನಿಮಿಷಗಳಲ್ಲಿ ಏರಿಸುತ್ತದೆ. ಪಕ್ಕದ ಇಂದ್ರಾಯಣಿಯ ಮೇಲೆ ಕುಂಡಮಳಾದಲ್ಲಿದ್ದ ಹಳೆಯ ಕಬ್ಬಿಣದ ಸೇತುವೆ 2025ರ ಜೂನ್ 15ರಂದು ಜನರ ಭಾರಕ್ಕೆ ಕುಸಿದು ನಾಲ್ವರು ಸತ್ತರು. ಚಳಿಗಾಲದಲ್ಲೂ ಅಣೆಕಟ್ಟಿನ ಕೆಳಗೆ ಒಂದು ಎಚ್ಚರ ಇರಲಿ. ನೀರಿನ ಅಂಚಿನಲ್ಲಿ ಒಂದು ಕಡ್ಡಿ ನೆಟ್ಟು, ಹತ್ತು ನಿಮಿಷಕ್ಕೊಮ್ಮೆ ನೋಡುತ್ತಿರಿ. ಕಡ್ಡಿಯ ಬುಡ ಎರಡು ಬೆರಳು ಮುಳುಗಿದರೂ, ತೇಲುವ ಒಣ ಎಲೆ, ನೊರೆ ಒಮ್ಮೆಲೇ ಹೆಚ್ಚಾದರೂ ಸಾಮಾನು ಬಿಟ್ಟಾದರೂ ಮೇಲೆ ಬನ್ನಿ. ಅದು ಮೇಲಿನಿಂದ ನೀರು ಬಿಟ್ಟಿರುವ ಗುರುತು.

ಎಲ್ಲಿ ನೋಡಬೇಕು: ಅಂಚಿನ ಒಂದು ಮೀಟರು

ಪುಣೆ–ಲೋಣಾವಳೆ ಲೋಕಲ್ ಹಿಡಿದು ಕಾಮಶೇತದಲ್ಲಿ ಇಳಿದರೆ ಅಲ್ಲಿಂದ ಪವನಾನಗರದ ರಸ್ತೆ ಸಿಗುತ್ತದೆ. ಪಿಂಪ್ರಿ–ಚಿಂಚವಡಕ್ಕೆ ಕುಡಿಯುವ ನೀರೆತ್ತುವ ರಾವೇತ್ ಬಂಧಾರಕ್ಕಿಂತ ಮೇಲಿನ ಹರಿವನ್ನೇ ಆರಿಸಿಕೊಳ್ಳಿ. ರಾವೇತ್‌ನಿಂದ ಕೆಳಗೆ ನೀರು ಕಡಿಮೆ, ಊರಿನ ಗಟಾರವೇ ಹೆಚ್ಚು, ಮೇಲೆ ಜಲಕುಂಭಿಯ ಹೊದಿಕೆ. ಅಲ್ಲಿ ಸಿಗುವುದು ಹೆಚ್ಚಾಗಿ ತಿಲಾಪಿಯಾ ಮತ್ತು ಗಪ್ಪಿ. ನೀರಾ ನದಿಯ ಕಡೆಗಾದರೆ ಭೋರ್ ದಾಟಿ ಘಾಟಿನ ದಿಕ್ಕಿಗೆ ಹೋಗಬೇಕು. ಎಲ್ಲೇ ಇಳಿದರೂ ದಂಡೆಯ ಹೊಲದವರನ್ನು ಕೇಳಿಕೊಂಡು ಇಳಿಯಿರಿ. ಯಾವ ಮಡು ಬೇಸಿಗೆಯಲ್ಲಿ ಬತ್ತುವುದಿಲ್ಲ ಎಂಬುದು ಅವರಿಗೆ ಗೊತ್ತಿರುತ್ತದೆ, ಅದು ಯಾವ ನಕ್ಷೆಯಲ್ಲೂ ಇರುವುದಿಲ್ಲ.

ಹೊಸಬರು ಮಾಡುವ ಮೊದಲ ತಪ್ಪು ನದಿಯ ನಡುವೆ ನೋಡುವುದು. ಚಿಕ್ಕ ಪೆಥಿಯಾ ಜೀವನ ಕಳೆಯುವುದು ದಂಡೆಗೆ ತಾಗಿದ ಒಂದು ಮೀಟರ್ ಅಗಲದ ಪಟ್ಟಿಯಲ್ಲಿ. ಹೊಂಗೆ, ಅತ್ತಿ, ಹೊಳೆಮತ್ತಿ ಮರಗಳ ಬೇರು ನೀರಿಗೆ ಇಳಿದಿರುವ ಕಡೆ, ಬಾಗಿದ ಹುಲ್ಲು ನೀರನ್ನು ಮುಟ್ಟುವ ಕಡೆ, ವ್ಯಾಲಿಸ್ನೇರಿಯಾದಂಥ ಪಟ್ಟಿ ಎಲೆಯ ಜೊಂಡು, ಹೈಡ್ರಿಲ್ಲಾ ಬೆಳೆದಿರುವ ಕಡೆ, ದೊಡ್ಡ ಬಂಡೆಯ ಬೆನ್ನ ಹಿಂದಿನ ನಿಂತ ನೀರಿನಲ್ಲಿ ನೋಡಿ. ಮೊಣಕಾಲಿಗಿಂತ ಆಳ ಬೇಕಾಗಿಲ್ಲ. ಮರಿಗಳಿಗೆ ಒಂದು ಗೇಣು ನೀರೂ ಸಾಕು. ಅಲ್ಲಿ ಅವಕ್ಕೆ ಮೂರು ಲಾಭ: ಹರಿವಿನೊಡನೆ ಸೆಣಸುವ ಕೆಲಸವಿಲ್ಲ, ಎಲೆ ಬೇರುಗಳ ಮೇಲೆ ಪಾಚಿ ಮತ್ತು ಹುಳುಗಳ ಊಟವಿದೆ, ಮಿಂಚುಳ್ಳಿ ಎರಗಿದರೆ ನುಗ್ಗಿ ಅಡಗಲು ಸಂದಿಯಿದೆ.

ಜಾಗ ಸರಿಯಿದೆಯೇ ಎಂದು ತಿಳಿಯಲು ಒಂದು ಒಣ ಎಲೆ ಸಾಕು. ದಂಡೆಯುದ್ದಕ್ಕೂ ಎರಡು ಮೀಟರ್ ಅಳೆದು ಎರಡು ಕಡ್ಡಿ ನೆಡಿ. ಎಲೆ ತೇಲಿಬಿಟ್ಟು ಮೊಬೈಲ್‌ನಲ್ಲಿ ಸಮಯ ನೋಡಿ. ಎರಡು ಮೀಟರ್ ಸಾಗಲು 20 ಸೆಕೆಂಡಿಗಿಂತ ಹೆಚ್ಚು ಹಿಡಿದರೆ, ಅಂದರೆ ಸೆಕೆಂಡಿಗೆ 10 ಸೆಂಟಿಮೀಟರಿಗಿಂತ ನಿಧಾನವಾದರೆ, ಅದು ಪೆಥಿಯಾಗೆ ತಕ್ಕ ಜಾಗ. ನಾಲ್ಕೈದು ಸೆಕೆಂಡಿನಲ್ಲೇ ದಾಟಿದರೆ ಅದು ಕಲ್ಲಿಗೆ ಅಂಟುವ ಮೀನುಗಳ ನೆಲೆ. ಮಲ್ಯಾ ಎಂದು ಮರಾಠಿಯಲ್ಲಿ ಕರೆಯುವ ಗಾರಾ ಮುಲ್ಯಾ ಅಲ್ಲಿರುತ್ತದೆ. ಈ ಹೆಸರಿನ ಹಿಂದೆ ಒಂದು ಸೊಗಸಿದೆ. ದಖ್ಖನಿನ ಮೀನುಗಳನ್ನು 1839ರಲ್ಲಿ ವಿವರಿಸಿದ ಬ್ರಿಟಿಷ್ ಸೇನಾಧಿಕಾರಿ ಸೈಕ್ಸ್ ಸ್ಥಳೀಯರ ಬಾಯಲ್ಲಿದ್ದ ಹೆಸರುಗಳನ್ನೇ ಲ್ಯಾಟಿನ್ನಿಗೆ ಏರಿಸಿದ. ಮುಲ್ಯಾ, ಖುದ್ರೀ, ಕೋಲುಸ್, ಬೊಗ್ಗುಟ್ ಎಲ್ಲ ಹಾಗೆ ಬಂದವು.

ಎಲೆ ಬಿಡುವಾಗ ಗಾಳಿ ಇದ್ದರೆ ಲೆಕ್ಕ ಕೆಡುತ್ತದೆ, ಎಲೆಯನ್ನು ತಳ್ಳುವುದು ಗಾಳಿಯೋ ನೀರೋ ತಿಳಿಯುವುದಿಲ್ಲ. ಅಂಥ ದಿನ ಅರ್ಧ ಮುಳುಗಿ ತೇಲುವ ನಿಂಬೆಹಣ್ಣು ಬಳಸಿ, ಮೂರು ಸಲ ಅಳೆದು ನಡುವಿನ ಅಂಕಿ ಬರೆದುಕೊಳ್ಳಿ.

ನೋಟದ ಕೊಳವೆ ಮಾಡಿಕೊಳ್ಳುವುದು

ಮೇಲಿನಿಂದ ನೋಡಿದರೆ ಎಲ್ಲ ಸಣ್ಣ ಮೀನೂ ಒಂದೇ ಬೂದು ಗೆರೆ. ನೀರಿನ ಮೇಲ್ಮೈಯ ಹೊಳಪು, ಅಲೆ ಎರಡನ್ನೂ ದಾಟಬೇಕು.

ಬೇಕಾಗುವುದು: 160 ಮಿ.ಮೀ. ವ್ಯಾಸದ ಪಿವಿಸಿ ಕೊಳವೆ 50 ಸೆಂ.ಮೀ., 5 ಮಿ.ಮೀ. ದಪ್ಪದ ಪಾರದರ್ಶಕ ಅಕ್ರಿಲಿಕ್‌ನಲ್ಲಿ 160 ಮಿ.ಮೀ. ವ್ಯಾಸದ ಒಂದು ಬಿಲ್ಲೆ, ಅಕ್ವೇರಿಯಂಗೆ ಬಳಸುವ ಸಿಲಿಕೋನ್ ಒಂದು ಟ್ಯೂಬು, 120 ನಂಬರಿನ ಉಜ್ಜುಕಾಗದ, ಹೊಳಪಿಲ್ಲದ ಕಪ್ಪು ಬಣ್ಣ, ನೈಲಾನ್ ಹಗ್ಗ ಒಂದು ಮೀಟರ್.

ಕೊಳವೆಯ ಬಾಯನ್ನು ಸಪಾಟಾಗಿ ಕತ್ತರಿಸಿ, ಉಜ್ಜುಕಾಗದವನ್ನು ನೆಲದ ಮೇಲೆ ಹಾಸಿ, ಕೊಳವೆಯನ್ನೇ ಅದರ ಮೇಲೆ ತಿರುಗಿಸಿ ಉಜ್ಜಿ. ಕೈಯಲ್ಲಿ ಕಾಗದ ಹಿಡಿದು ಉಜ್ಜಿದರೆ ಬಾಯಿ ಓರೆಯಾಗುತ್ತದೆ, ಸೋರಿಕೆ ಶುರುವಾಗುವುದೇ ಅಲ್ಲಿ. ಒಳಗೆ ಕಪ್ಪು ಬಣ್ಣ ಬಳಿಯಿರಿ, ಆದರೆ ಅಂಟು ಹಚ್ಚುವ ಕೊನೆಯ 1 ಸೆಂ.ಮೀ. ಬಿಡಿ, ಬಣ್ಣದ ಮೇಲೆ ಸಿಲಿಕೋನ್ ಹಿಡಿಯುವುದಿಲ್ಲ. ಬಿಲ್ಲೆಯ ಅಂಚಿಗೂ ಉಜ್ಜುಕಾಗದ ತಾಗಿಸಿ ಸ್ವಲ್ಪ ಒರಟು ಮಾಡಿ, ಬಟ್ಟೆಯಲ್ಲಿ ಒರೆಸಿ, ಸಿಲಿಕೋನಿನ ಒಂದೇ ಅಖಂಡ ಉಂಗುರ ಹಾಕಿ ಕೂರಿಸಿ. ಮೇಲೆ ಎರಡು ಕಿಲೋ ಅಕ್ಕಿಯ ಚೀಲ ಇಟ್ಟು 48 ಗಂಟೆ ಮುಟ್ಟಬೇಡಿ. 24 ಗಂಟೆಗೆ ಹೊರಗೆ ಗಟ್ಟಿಯಾಗಿರುತ್ತದೆ, ಒಳಗೆ ಇರುವುದಿಲ್ಲ. ವಿನೆಗರ್ ವಾಸನೆ ಪೂರ್ತಿ ಹೋದ ಮೇಲೆ ಬಕೆಟ್ಟಿನಲ್ಲಿ ಮುಳುಗಿಸಿ ಪರೀಕ್ಷಿಸಿ. ಬಚ್ಚಲುಮನೆಗೆಂದು ಮಾರುವ, ಬೂಷ್ಟುನಿರೋಧಕ ಬೆರೆಸಿದ ಸಿಲಿಕೋನ್ ಬೇಡ. ಆ ರಾಸಾಯನಿಕ ಮೀನಿಗೆ ವಿಷ. ಮೇಲಿನ ಅಂಚಿನಲ್ಲಿ ಎರಡು ತೂತು ಕೊರೆದು ಹಗ್ಗದ ಹಿಡಿಕೆ ಕಟ್ಟಿ.

ಇಷ್ಟು ಮಾಡಿದ ಕೊಳವೆ ಸುಮಾರು ಒಂದೂವರೆ ಕಿಲೋ ತೂಗುತ್ತದೆ. ನೀರಿನಲ್ಲಿ ಬಿಟ್ಟರೆ ಏಳು ಸೆಂಟಿಮೀಟರ್‌ನಷ್ಟು ತಾನೇ ಮುಳುಗಿ ನಿಲ್ಲುತ್ತದೆ. ಅಷ್ಟೇ ಸಾಕು. 20 ಸೆಂ.ಮೀ. ಒತ್ತಲು ಹೋದರೆ ನೀರು ಎರಡೂವರೆ ಕಿಲೋ ಬಲದಿಂದ ಮೇಲೆ ತಳ್ಳುತ್ತದೆ, ಕೈ ನಡುಗುತ್ತದೆ, ಮೀನು ಓಡುತ್ತದೆ.

ಬಳಸುವಾಗ ಓರೆಯಾಗಿ ಇಳಿಸಿ. ನೇರವಾಗಿ ಇಳಿಸಿದರೆ ಬಿಲ್ಲೆಯ ಕೆಳಗೆ ಗಾಳಿಗುಳ್ಳೆ ಕೂರುತ್ತದೆ. ಚಳಿಗಾಲದ ಬೆಳಿಗ್ಗೆ ಬಿಲ್ಲೆಗೆ ಒಳಗಿನಿಂದ ಉಸಿರಿನ ಮಂಜು ಹಿಡಿಯುತ್ತದೆ, ಒಣ ಬಟ್ಟೆಯಿಂದ ಒರೆಸಿ. ಸೋಪು ಸವರಿದರೆ ಮಂಜು ಹಿಡಿಯುವುದಿಲ್ಲ ಎಂಬ ಉಪಾಯ ಮನೆಯ ಕನ್ನಡಿಗೆ ಸರಿ, ಹೊಳೆಯಲ್ಲಿ ಬೇಡ.

ಹತ್ತಿರ ಹೋಗುವ ಕ್ರಮ

ಕೆಳಗಿನಿಂದ ಮೇಲಕ್ಕೆ, ಹರಿವಿನ ಎದುರು ದಿಕ್ಕಿಗೆ ನಡೆಯಿರಿ. ಹರಿವಿನ ಜೊತೆ ನಡೆದರೆ ನೀವು ಎಬ್ಬಿಸಿದ ಕೆಸರು ನಿಮಗಿಂತ ಮುಂದೆ ಹೋಗಿ ನೋಡಬೇಕಾದ ಜಾಗವನ್ನೇ ಮುಚ್ಚುತ್ತದೆ. ನೆರಳು ನೀರಿಗೆ ಬೀಳದಂತೆ ನಿಲ್ಲಿ. ದಂಡೆಗೆ ಐದು ಹೆಜ್ಜೆ ಇರುವಾಗಲೇ ಕುಕ್ಕರಗಾಲಿನಲ್ಲಿ ಕೂತು ಮುಂದೆ ಸರಿಯಿರಿ. ಹೊರಗಿನ ಇಡೀ ಲೋಕ ಮೀನಿಗೆ ತಲೆಯ ಮೇಲಿನ ದುಂಡು ಕಿಟಕಿಯೊಂದರಲ್ಲಿ ಕಾಣುತ್ತದೆ. ತಗ್ಗಿನಲ್ಲಿರುವ ಮನುಷ್ಯ ಆ ಕಿಟಕಿಯ ಅಂಚಿನಲ್ಲಿ ಕುಗ್ಗಿ ಹೋಗುತ್ತಾನೆ, ನಿಂತವನು ಢಾಳಾಗಿ ಕಾಣುತ್ತಾನೆ. ಮಾತು ಅಷ್ಟು ತೊಂದರೆಯಲ್ಲ. ಕಾಲು ಅಪ್ಪಳಿಸಿದ ಅದುರು ಮಾತ್ರ ಅವಕ್ಕೆ ಮೈಯ ಎರಡೂ ಬದಿಯಲ್ಲಿ ಅದುರು ಹಿಡಿಯುವ ಪಕ್ಕದ ಗೆರೆಯಲ್ಲೇ ಗೊತ್ತಾಗುತ್ತದೆ.

ಕೂತ ಮೇಲೆ ಏಳು ನಿಮಿಷ ಸುಮ್ಮನಿರಿ. ಮೊದಲು ಮೇಲ್ಮೈಯ ಮೀನುಗಳು, ರಸ್ಬೋರಾ ಮತ್ತು ಬೆಳ್ಳಿ ಚೂರಿಯಂಥ ಅಳಕೂಟ್, ಮರಳುತ್ತವೆ. ಅವುಗಳ ಹಿಂದೆಯೇ ಗಿಡದ ಸಂದಿಯಿಂದ ಪೆಥಿಯಾ ಹೊರಬರುತ್ತದೆ. ಮಕ್ಕಳನ್ನು ಕರೆದುಕೊಂಡು ಹೋದರೆ ಇದೇ ಕಷ್ಟದ ಗಳಿಗೆ. ಎಲೆ ಓಡಿಸಿ ಸಮಯ ಅಳೆಯುವ ಕೆಲಸವನ್ನು ಅವರಿಗೆ ಬೇರೊಂದು ಕಡೆ ವಹಿಸಿ.

ಚಪಾತಿ ಚೂರು, ಬ್ರೆಡ್, ಮಂಡಕ್ಕಿ ಎಸೆದು ಕರೆಯಬೇಡಿ. ಗುಂಪು ಸೇರುವುದು ನಿಜ, ಆದರೆ ನಿಮಗೆ ಬೇಕಾದ್ದು ಮೀನು ತಾನಾಗಿ ಎಲ್ಲಿರುತ್ತದೆ ಎಂಬ ಮಾಹಿತಿ. ಆ ಚೂರು ಅದನ್ನೇ ಅಳಿಸುತ್ತದೆ. ಉಳಿದ ಹಿಟ್ಟು ಮಡುವಿನಲ್ಲಿ ಕೊಳೆಯುತ್ತದೆ.

ಕ್ಯಾಮೆರಾ ಇಡುವುದು

ಕೈಯಲ್ಲಿ ಹಿಡಿದ ಕ್ಯಾಮೆರಾಗಿಂತ ಬಿಟ್ಟು ಬಂದ ಕ್ಯಾಮೆರಾ ಹೆಚ್ಚು ಹೇಳುತ್ತದೆ. ನೀರುನಿರೋಧಕ ಆಕ್ಷನ್ ಕ್ಯಾಮೆರಾವನ್ನು ಒಂದು ಕಿಲೋ ತೂಕದ ಚಪ್ಪಟೆ ಕಲ್ಲಿಗೆ ರಬ್ಬರ್ ಪಟ್ಟಿಯಿಂದ ಕಟ್ಟಿ. ಸೀಸದ ತೂಕ ಬೇಡ. ಲೆನ್ಸು ತಳದಿಂದ 10–15 ಸೆಂ.ಮೀ. ಮೇಲಿರಲಿ, ಸೂರ್ಯನಿಗೆ ಬೆನ್ನು ಮಾಡಿರಲಿ, ಗಿಡದ ಅಂಚಿಗೆ ಸಮಾನಾಂತರವಾಗಿ ನೋಡುತ್ತಿರಲಿ. ಗಿಡಕ್ಕೇ ಮುಖ ಮಾಡಿದರೆ ಮೀನಿನ ಮೂತಿ ಕಾಣುತ್ತದೆ, ಪಕ್ಕೆ ಕಾಣುವುದಿಲ್ಲ. ಗುರುತೆಲ್ಲ ಇರುವುದು ಪಕ್ಕೆಯಲ್ಲಿ. 1080 ರೆಸಲ್ಯೂಷನ್, ಸೆಕೆಂಡಿಗೆ 60 ಚಿತ್ರ. 20 ನಿಮಿಷ ಓಡಲಿ, ಮೊದಲ ಐದು ನಿಮಿಷವನ್ನು ಲೆಕ್ಕಕ್ಕೆ ಹಿಡಿಯಬೇಡಿ.

ಲೆನ್ಸಿನಿಂದ 30 ಸೆಂ.ಮೀ. ಮುಂದೆ, ಐದು ಸೆಂಟಿಮೀಟರ್ ಗೆರೆ ಎಳೆದ ಒಂದು ಬೆಣಚುಕಲ್ಲು ಇಡಿ. ಇಲ್ಲದಿದ್ದರೆ ಮೂರು ಸೆಂಟಿಮೀಟರ್ ಮರಿಯೋ ಆರು ಸೆಂಟಿಮೀಟರ್ ಮೀನೋ ಹೇಳಲು ಆಗುವುದಿಲ್ಲ. ಹೊರಡುವಾಗ ಆ ಕಲ್ಲು ವಾಪಸ್ ತನ್ನಿ.

ಕಪ್ಪುತುದಿಯನ್ನು ಗುರುತಿಸುವುದು

ಇಲ್ಲಿ ಅವಸರ ಮಾಡಿದವರೇ ಹೆಚ್ಚು ತಪ್ಪುತ್ತಾರೆ. ಎರಡು ಚುಕ್ಕಿ ಕಂಡ ಕೂಡಲೇ ಇದೇ ಕುಲದ ಇನ್ನೊಂದು ಮೀನಾದ ಟಿಕ್ಟೋ ಎಂದೋ ಹೊಸ ಜಾತಿ ಎಂದೋ ಬರೆಯಬೇಡಿ. ಒಳ್ಳೆಯ ಪಕ್ಕೆಚಿತ್ರ ಒಂದನ್ನು ಆರಿಸಿ, ಹಿಗ್ಗಿಸಿ, ಈ ಕ್ರಮದಲ್ಲಿ ನೋಡಿ.

ಮೊದಲು ಪಕ್ಕದ ಗೆರೆ. ಕಿವಿರಿನ ಮುಚ್ಚಳದ ಹಿಂದಿನಿಂದ ಬಾಲದ ಕಡೆಗೆ ಹೋಗುವ ಹುರುಪೆಗಳಲ್ಲಿ ಒಂದೊಂದು ಸಣ್ಣ ತೂತು, ಎಲ್ಲ ಸೇರಿ ಚುಕ್ಕಿಸಾಲಿನಂತೆ ಕಾಣುತ್ತದೆ. ಕಪ್ಪುತುದಿಯಲ್ಲಿ ಈ ಸಾಲು ಬಾಲದವರೆಗೆ ಹೋಗದೆ ಮುಂಭಾಗದಲ್ಲೇ ನಿಂತುಬಿಡುತ್ತದೆ: ಪಕ್ಕೆಯುದ್ದಕ್ಕೂ ಹುರುಪೆಗಳು 23ರಿಂದ 25, ಅವುಗಳಲ್ಲಿ ತೂತಿರುವವು 7ರಿಂದ 12 ಮಾತ್ರ. ಪೆಥಿಯಾ ಟಿಕ್ಟೋದಲ್ಲೂ ಸಾಲು ಮುಂಭಾಗದ ಕೆಲವೇ ಹುರುಪೆಗಳಿಗೆ ನಿಂತುಬಿಡುತ್ತದೆ. ಹಾಗಾಗಿ ಇದೊಂದೇ ಗುರುತಿನಿಂದ ಇವೆರಡನ್ನು ಬೇರ್ಪಡಿಸಲಾಗದು, ಮುಂದಿನ ಗುರುತುಗಳೂ ಬೇಕು. ತೂತು ಎಣಿಸಲು ಬೆಳಕು ಓರೆಯಾಗಿ ಬಿದ್ದ ಚಿತ್ರ ಬೇಕು. ನೇರ ಬೆಳಕಿನಲ್ಲಿ ಹುರುಪೆ ಹೊಳೆದು ತೂತು ಮಾಯವಾಗುತ್ತದೆ.

ಆಮೇಲೆ ಹೆಗಲ ಚುಕ್ಕಿ. ಹುರುಪೆ ಎಣಿಸಿ. ಕಪ್ಪುತುದಿಯಲ್ಲಿ ಅದು ಪಕ್ಕದ ಗೆರೆಯ ಕೆಳಗೆ, ನಾಲ್ಕನೆಯ ಮತ್ತು ಐದನೆಯ ಹುರುಪೆಯ ಜಾಗದಲ್ಲಿರುತ್ತದೆ. ಬಾಲದ ಕಡೆಯ ದೊಡ್ಡ ಚುಕ್ಕಿ 17ರಿಂದ 21ನೆಯ ಹುರುಪೆಯ ನಡುವೆ, ಅದರ ಮುಂದಿನ ಅಂಚಿಗೆ ತೆಳು ಹಳದಿ ಛಾಯೆ. ಕೊನೆಗೆ ಬೆನ್ನುರೆಕ್ಕೆ: ಮೇಲಿನ ಅರ್ಧದಲ್ಲಿ ಕಪ್ಪು ಕಣಗಳು ದಟ್ಟವಾಗಿ ಕೂಡಿ ತುದಿ ಕಪ್ಪಾಗಿರುತ್ತದೆ. ಮೀಸೆ ಇರುವುದಿಲ್ಲ. ಮೇಲ್ದುಟಿ ದಪ್ಪ.

ಬಣ್ಣವನ್ನು ಮಾತ್ರ ನಂಬಿದರೆ ಮೋಸ ಹೋಗುತ್ತೀರಿ. ಹೆದರಿದ ಮೀನಿನ ಚುಕ್ಕಿ ಒಂದೆರಡು ನಿಮಿಷದಲ್ಲಿ ಮಸುಕಾಗುತ್ತದೆ. ಮರಳಿನ ತಳದಲ್ಲಿ ಇರುವುದು ಬಿಳಿಚಿಕೊಂಡು, ಎಲೆಕೊಳೆಯ ಮೇಲಿನದು ಕಡುವಾಗಿ ಕಾಣುತ್ತದೆ.

ಬೆರೆಸಿಕೊಳ್ಳಬಹುದಾದ ಇತರ ಮೀನುಗಳನ್ನು ಬೇಗ ಬೇರ್ಪಡಿಸಬಹುದು. ಪುಂಟಿಯಸ್ ಸೊಫೋರ್‌ಗೆ ಹೆಗಲಲ್ಲಿ ಚುಕ್ಕಿಯಿಲ್ಲ, ಒಂದು ಚುಕ್ಕಿ ಬಾಲದ ಬುಡದಲ್ಲೇ, ಇನ್ನೊಂದು ಬೆನ್ನುರೆಕ್ಕೆಯ ಬುಡದಲ್ಲಿ. ರಸ್ಬೋರಾಗೆ ಮೂತಿಯಿಂದ ಬಾಲದವರೆಗೆ ಕಪ್ಪು ಪಟ್ಟೆ. ತಿಲಾಪಿಯಾ ಮರಿಯ ಬೆನ್ನುರೆಕ್ಕೆ ಉದ್ದ, ಮುಳ್ಳುಮುಳ್ಳು, ಹಿಂದಿನ ಭಾಗದಲ್ಲಿ ಒಂದು ಕಪ್ಪು ಮಚ್ಚೆ. ಗಪ್ಪಿ ಮತ್ತು ಗ್ಯಾಂಬೂಸಿಯಾಗೆ ಬಾಯಿ ಮೇಲ್ಮುಖ, ಬಾಲ ಕವಲಿಲ್ಲದೆ ದುಂಡು, ಗಂಡಿನ ಹೊಟ್ಟೆಯಡಿ ಕಡ್ಡಿಯಂಥ ರೆಕ್ಕೆ. ಪೆಥಿಯಾದ ಬಾಲ ಸದಾ ಕವಲು.

ಬೆನ್ನುರೆಕ್ಕೆಯ ಮುಳ್ಳಿನ ಹಲ್ಲುಗಳು, ಬೆನ್ನುಮೂಳೆಯ ಎಣಿಕೆ ಇವು ಚಿತ್ರದಲ್ಲಿ ಸಿಗುವುದಿಲ್ಲ, ಪ್ರಯೋಗಾಲಯದ ಕೆಲಸ. ಆದ್ದರಿಂದ ಮೇಲಿನ ಗುರುತುಗಳೆಲ್ಲ ಸ್ಪಷ್ಟವಾಗಿ ಕಾಣದ ಚಿತ್ರವನ್ನು ‘ಪೆಥಿಯಾ, ಜಾತಿ ಖಚಿತವಿಲ್ಲ’ ಎಂದೇ ಬರೆಯಿರಿ. ಮುಂದೆ ತಜ್ಞರೊಬ್ಬರು ನಿಮ್ಮ ದಾಖಲೆ ತೆರೆದಾಗ, ಹೀಗೆ ಬಿಟ್ಟ ಖಾಲಿ ಜಾಗ ತಪ್ಪು ಹೆಸರಿಗಿಂತ ನೂರು ಪಾಲು ಉಪಯೋಗಕ್ಕೆ ಬರುತ್ತದೆ.

ಎಣಿಕೆ

20 ನಿಮಿಷದ ಚಿತ್ರದಲ್ಲಿ ಒಂದೇ ಮೀನು ಹತ್ತು ಸಲ ಹಾದುಹೋಗಬಹುದು. ಬಂದಷ್ಟು ಸಲ ಕೂಡಿಸಿದರೆ ನಾಲ್ಕು ಮೀನು ನಲವತ್ತಾಗುತ್ತದೆ. ಹಾಗಾಗಿ ಒಂದೇ ಚೌಕಟ್ಟಿನಲ್ಲಿ ಒಟ್ಟಿಗೆ ಕಂಡ ಗರಿಷ್ಠ ಸಂಖ್ಯೆಯನ್ನು ಮಾತ್ರ ಬರೆಯಿರಿ. ಇದು ಇರುವುದಕ್ಕಿಂತ ಕಡಿಮೆ ತೋರಿಸುತ್ತದೆ, ಆದರೆ ಪ್ರತಿ ತಿಂಗಳೂ ಒಂದೇ ರೀತಿ ಕಡಿಮೆ ತೋರಿಸುವುದರಿಂದ ಏರಿಳಿತ ಸರಿಯಾಗಿ ಸಿಗುತ್ತದೆ.

50 ಮೀಟರ್ ಉದ್ದದ ಒಂದೇ ಹರಿವನ್ನು ಆರಿಸಿ, ಅದರಲ್ಲಿ ಮೂರು ಜಾಗ ಗುರುತು ಮಾಡಿ, ನವೆಂಬರ್‌ನಿಂದ ಫೆಬ್ರವರಿ ತನಕ ತಿಂಗಳಿಗೊಮ್ಮೆ, ಅದೇ ಹೊತ್ತಿಗೆ. ಪ್ರತಿವಾರ ಬೇರೆ ಬೇರೆ ಹೊಳೆ ಸುತ್ತುವುದಕ್ಕಿಂತ ಒಂದೇ ಕಡೆ ಮೂರು ವರ್ಷ ಕೂತವರ ಪುಸ್ತಕಕ್ಕೆ ಬೆಲೆ ಹೆಚ್ಚು.

ಪುಸ್ತಕದಲ್ಲಿ ದಿನ, ಹೊತ್ತು, ಹಿಂದಿನ ಮೂರು ದಿನದ ಮಳೆ, ಎಲೆಯ ಸೆಕೆಂಡು, ಆಳ, ತಳ (ಮರಳು, ಬೆಣಚು, ಬಂಡೆ, ಕೆಸರು ಇವುಗಳಲ್ಲಿ ಯಾವುದು ಎಷ್ಟು), ಅಂಚಿನ ಒಂದು ಮೀಟರಿನಲ್ಲಿ ಗಿಡ ಎಷ್ಟು ಭಾಗ ಮುಚ್ಚಿದೆ, ಯಾವ ಮೀನು ಎಷ್ಟು ಎಂದು ಬರೆಯಿರಿ. ಮೀನು ಕಾಣದ ದಿನ ಸೊನ್ನೆ ಬರೆಯಿರಿ. ಬರೆಯದೆ ಬಿಟ್ಟ ದಿನಕ್ಕೂ ಸೊನ್ನೆಗೂ ವ್ಯತ್ಯಾಸವಿದೆ.

ಚಿತ್ರಗಳನ್ನು ಜೀವಿಗಳನ್ನು ದಾಖಲಿಸುವ ಐನ್ಯಾಚುರಲಿಸ್ಟ್ ಜಾಲತಾಣಕ್ಕೆ ಏರಿಸುವುದಾದರೆ ಸ್ಥಳವನ್ನು ‘ಮಸುಕು’ ಎಂದು ಆಯ್ಕೆ ಮಾಡಿ. ಆಗ ನಿಜವಾದ ಬಿಂದುವಿನ ಬದಲು 0.2 ಡಿಗ್ರಿ ಚೌಕದೊಳಗಿನ, ಅಂದರೆ ಸುಮಾರು 20 ಕಿಲೋಮೀಟರ್ ಬದಿಯ ಪ್ರದೇಶದ, ಯಾವುದೋ ಒಂದು ಬಿಂದು ಹೊರಗೆ ಕಾಣುತ್ತದೆ. ಅಂದದ ಸಣ್ಣ ಮೀನಿಗೆ ಅಕ್ವೇರಿಯಂ ಪೇಟೆ ಇದೆ, ಒಂದು ಮಡುವನ್ನು ಒಂದೇ ಮಧ್ಯಾಹ್ನದಲ್ಲಿ ಬರಿದು ಮಾಡಬಹುದು. ಗುಡಿ, ಸೇತುವೆ, ಊರಿನ ಫಲಕ ಚಿತ್ರದಲ್ಲಿ ಬರದಂತೆಯೂ ನೋಡಿಕೊಳ್ಳಿ.

ನೀರಿನ ಅಳತೆ

ಎಲ್ಲವನ್ನೂ ಅಳೆಯಬೇಕಿಲ್ಲ. ನಾಲ್ಕು ಸಾಕು.

ತಿಳಿ: ಕೋಲಿಗೆ 10 ಸೆಂ.ಮೀ. ಗುರುತು ಹಾಕಿ, ತುದಿಗೆ ಬಿಳಿ ಡಬ್ಬಿಯ ಮುಚ್ಚಳ ಬಡಿದು ಇಳಿಸಿ. 40 ಸೆಂ.ಮೀ. ಒಳಗೇ ಮುಚ್ಚಳ ಮಾಯವಾದರೆ ಆ ದಿನದ ಎಣಿಕೆ ಬಿಟ್ಟುಬಿಡಿ.

ಉಷ್ಣತೆ: ದಂಡೆಯ ನೆರಳಿನಲ್ಲಿ ಒಮ್ಮೆ, ಬಿಸಿಲ ಮಡುವಿನಲ್ಲಿ ಒಮ್ಮೆ, ಎರಡೂ 10 ಸೆಂ.ಮೀ. ಆಳದಲ್ಲಿ. ಮರ ಕಡಿದ ದಂಡೆಯಲ್ಲಿ ಈ ಎರಡು ಅಂಕಿಗಳ ನಡುವಿನ ಅಂತರ ಕುಗ್ಗಿ, ಎರಡೂ ಏರುತ್ತವೆ.

ಕರಗಿದ ಆಮ್ಲಜನಕ: ಹನಿ ಹಾಕಿ ಅಳೆಯುವ ಕಿಟ್ ಸಾಕು. ಸೀಸೆಯನ್ನು ನೀರಿನೊಳಗೇ ತುಂಬಿಸಿ, ನೀರಿನೊಳಗೇ ಮುಚ್ಚಿ. ಒಂದು ಗುಳ್ಳೆ ಉಳಿದರೂ ಅಂಕಿ ಸುಳ್ಳು. ಮಧ್ಯಾಹ್ನ ಅಳೆದು ನೀರು ಚೆನ್ನಾಗಿದೆ ಎಂದು ತೀರ್ಮಾನಿಸಬೇಡಿ. ಹಗಲಿಡೀ ಗಿಡ, ಪಾಚಿ ಆಮ್ಲಜನಕ ಬಿಡುತ್ತವೆ, ರಾತ್ರಿ ಅವೂ ಉಸಿರಾಡಿ ಅದನ್ನು ಎಳೆದುಕೊಳ್ಳುತ್ತವೆ. ಸೂರ್ಯ ಹುಟ್ಟುವ ಹೊತ್ತಿಗೆ ಅತಿ ಕಡಿಮೆ ಇರುತ್ತದೆ, ಮೀನು ಬದುಕುವುದೂ ಸಾಯುವುದೂ ಆ ಅಂಕಿಯ ಮೇಲೆ. ಸಮುದ್ರಮಟ್ಟದಲ್ಲಿ 25 ಡಿಗ್ರಿ ನೀರು ಲೀಟರಿಗೆ 8.3 ಮಿಲಿಗ್ರಾಂ ಹಿಡಿದಿಡಬಲ್ಲದು, 30 ಡಿಗ್ರಿಯಲ್ಲಿ 7.6. ಪುಣೆಯ 560 ಮೀಟರ್ ಎತ್ತರದಲ್ಲಿ ಅದಕ್ಕಿಂತ ನೂರಕ್ಕೆ ಆರೇಳು ಪಾಲು ಕಡಿಮೆ. ಬೆಳಗಿನ ಅಂಕಿ 6ರ ಮೇಲಿದ್ದರೆ ಹೊಳೆ ಆರೋಗ್ಯವಾಗಿದೆ, 4ಕ್ಕಿಂತ ಕೆಳಗಿಳಿದರೆ ಎಲ್ಲಿಂದಲೋ ಕೊಳೆ ಸೇರುತ್ತಿದೆ.

ಟಿಡಿಎಸ್, ಅಂದರೆ ನೀರಿನಲ್ಲಿ ಕರಗಿದ ಲವಣಾದಿಗಳ ಪ್ರಮಾಣ: ಮನೆಯ ಫಿಲ್ಟರ್ ನೋಡುವ ಪೆನ್ನಿನಂಥ ಮೀಟರೇ ಆಗುತ್ತದೆ. ಒಂದೇ ಅಂಕಿಗೆ ಅರ್ಥವಿಲ್ಲ. ಊರಿನ ಅಥವಾ ರೆಸಾರ್ಟಿನ ಮೇಲೊಮ್ಮೆ, ಕೆಳಗೊಮ್ಮೆ ಅಳೆಯಿರಿ. ಕೆಳಗೆ ಎರಡು ಪಟ್ಟಾದರೆ ನಡುವೆ ಗಟಾರವಿದೆ.

ವಾಪಸಾದ ಮೇಲೆ

ಕೊಳವೆ, ಬೂಟು, ಕಲ್ಲಿನ ಪಟ್ಟಿ ಎಲ್ಲವನ್ನೂ ನಲ್ಲಿ ನೀರಿನಲ್ಲಿ ತೊಳೆದು 48 ಗಂಟೆ ಬಿಸಿಲಿನಲ್ಲಿ ಒಣಗಿಸಿ. ಒದ್ದೆ ಬೂಟಿನೊಳಗೆ ಗಪ್ಪಿಮರಿ ಪವನೆಯಿಂದ ನೀರೆಗೆ ಹೋಗದಿರಬಹುದು, ಹೈಡ್ರಿಲ್ಲಾ ತುಂಡು, ಬೂಷ್ಟುರೋಗದ ಬೀಜಕಣ, ಲೆರ್ನಿಯಾದಂಥ ಮೀನಿನ ಪರಾವಲಂಬಿಯ ಮರಿ ಹೋಗುತ್ತವೆ. ಮನೆಯ ಅಕ್ವೇರಿಯಂ ಮೀನನ್ನು ‘ಪುಣ್ಯ’ ಎಂದು ಹೊಳೆಗೆ ಬಿಡುವುದು, ಸೊಳ್ಳೆಗೆಂದು ಹಳ್ಳಕ್ಕೆ ಗಪ್ಪಿ ಸುರಿಯುವುದು ಇನ್ನೂ ದೊಡ್ಡ ಹಾನಿ. ಅಂಚಿನ ಅದೇ ಒಂದು ಮೀಟರನ್ನು ಅವು ಆಕ್ರಮಿಸುತ್ತವೆ, ಪೆಥಿಯಾದ ಮೊಟ್ಟೆ ಮರಿ ತಿನ್ನುತ್ತವೆ. ಗಪ್ಪಿ ಬೇಕಾದರೆ ಮುಚ್ಚಿದ ತೊಟ್ಟಿಗೆ ಮಾತ್ರ.

ಅಂಚನ್ನು ಉಳಿಸಲು ಕೈಗೆಟಕುವ ಕೆಲಸ

ಹೊಳೆಯ ನಡುವೆ ನೀರು ಇರುವತನಕ ಹೊಳೆ ಇದೆ ಎಂದೇ ಎಲ್ಲರೂ ತಿಳಿಯುತ್ತಾರೆ. ದಂಡೆಗೆ ಕಾಂಕ್ರೀಟ್ ಗೋಡೆ ಕಟ್ಟಿ, ಜೆಸಿಬಿ ತಂದು ಹಳ್ಳವನ್ನು ನೇರ ಮಾಡಿ, ಬೆಣಚು ಎತ್ತಿದರೆ ನೀರೇನೋ ಹರಿಯುತ್ತದೆ, ಆದರೆ ಎಲೆಯ ಪರೀಕ್ಷೆಯಲ್ಲಿ 20 ಸೆಕೆಂಡು ಹಿಡಿಯುವ ಜಾಗ ಒಂದೂ ಉಳಿಯುವುದಿಲ್ಲ. ನಿಮ್ಮ ಸೊಸೈಟಿಯ ಹಿಂದೆ, ತೋಟದ ಮನೆಯ ಪಕ್ಕದಲ್ಲಿ ನಾಲೆ ಇದ್ದರೆ ದಂಡೆಯ ಹುಲ್ಲನ್ನು ಕೊನೆಯ ಎರಡು ಮೀಟರ್ ಕತ್ತರಿಸಬೇಡಿ. ಬಿದ್ದ ಕೊಂಬೆ ಸೇತುವೆಗೆ ಅಡ್ಡವಿಲ್ಲದಿದ್ದರೆ ಅಲ್ಲೇ ಬಿಡಿ. ಗಣಪತಿಯನ್ನು ತೊಟ್ಟಿಯಲ್ಲೇ ಬಿಡಿ. ಪಿಕ್ನಿಕ್ಕಿನ ಪಾತ್ರೆಯನ್ನು ಹೊಳೆಯಲ್ಲಿ ತೊಳೆಯದೆ ಮನೆಗೆ ಒಯ್ಯಿರಿ. ಡಿಟರ್ಜಂಟ್ ಕಿವಿರಿನ ಲೋಳೆಯನ್ನೇ ತೊಳೆದುಬಿಡುತ್ತದೆ.

ಸಿಡಿಮದ್ದು, ವಿಷ ಹಾಕಿ ಮೀನು ಹಿಡಿಯುವುದು 1897ರ ಮೀನುಗಾರಿಕೆ ಕಾಯ್ದೆಯಿಂದಲೇ ಅಪರಾಧ. ಅಂಥದ್ದು ಕಂಡರೆ ಎದುರು ನಿಲ್ಲಬೇಡಿ. ದೂರದಿಂದ ಚಿತ್ರ ತೆಗೆದು ಹೊತ್ತು ಬರೆದುಕೊಂಡು ಮೀನುಗಾರಿಕೆ ಇಲಾಖೆಗೆ, ಪೊಲೀಸರಿಗೆ ತಿಳಿಸಿ.

ಇನ್ನೊಂದು ಕಡೆ ಕಣ್ಣಿಡಿ, ಇದನ್ನು ಯಾರೂ ಗಮನಿಸುವುದಿಲ್ಲ. ಹಳ್ಳ ದಾಟುವ ಸಣ್ಣ ರಸ್ತೆಗಳ ಕೆಳಗೆ ಸಿಮೆಂಟ್ ಪೈಪ್ ಹಾಕುತ್ತಾರೆ. ಎರಡು ಮಳೆಗಾಲಕ್ಕೆ ಪೈಪಿನ ಕೆಳಬಾಯಿಯ ಮಣ್ಣು ಕೊರೆದು, ಬಾಯಿ ನೀರಿಗಿಂತ ಒಂದು ಗೇಣು ಮೇಲೆ ನೇತಾಡುತ್ತದೆ. ಹೆಬ್ಬೆರಳುದ್ದದ ಮೀನಿಗೆ ಅದು ಅಣೆಕಟ್ಟೇ ಸರಿ. ಬೇಸಿಗೆಯಲ್ಲಿ ಕೆಳಗಿನ ಮಡುವಿಗೆ ಇಳಿದದ್ದು ಮಳೆಗಾಲದಲ್ಲಿ ಮೇಲೆ ಏರಲಾರದು. ಪೈಪಿನ ಕಾಲುಭಾಗ ತಳದ ಮಣ್ಣಿನೊಳಗೆ ಹೂತಿರಬೇಕು, ಒಳಗೆ ಬೆಣಚು ಕೂತಿರಬೇಕು. ಈಗಾಗಲೇ ನೇತಾಡುತ್ತಿರುವ ಪೈಪಿನ ಕೆಳಗೆ, ಪಂಚಾಯ್ತಿಯ ಒಪ್ಪಿಗೆ ಪಡೆದು, ತಲೆಯಷ್ಟು ದಪ್ಪದ ಕಲ್ಲುಗಳನ್ನು ಮೆಟ್ಟಿಲಾಗಿ ಜೋಡಿಸಬಹುದು: ಪ್ರತಿ ಮೆಟ್ಟಿಲು ನಾಲ್ಕು ಬೆರಳಿಗಿಂತ ಎತ್ತರವಿರದಂತೆ, ಪ್ರತಿ ಮೆಟ್ಟಿಲ ಹಿಂದೆ ಒಂದು ಗೇಣು ಆಳದ ನೀರು ನಿಲ್ಲುವಂತೆ. ಮೇ ತಿಂಗಳಲ್ಲಿ ನೀರು ಅತಿ ಕಡಿಮೆ ಇದ್ದಾಗ, ಮಡುವನ್ನು ತುಳಿಯದೆ ಜೋಡಿಸಿ. ಮೊದಲ ದೊಡ್ಡ ಮಳೆಯ ನಂತರ ಎರಡು ಕಲ್ಲಾದರೂ ಉರುಳಿರುತ್ತವೆ, ನವೆಂಬರ್‌ನಲ್ಲಿ ಎಣಿಕೆಗೆ ಹೋದಾಗ ಅವನ್ನು ಮತ್ತೆ ಕೂರಿಸಿ, ಪೈಪಿನ ಮೇಲೊಂದು, ಕೆಳಗೊಂದು ಕ್ಯಾಮೆರಾ ಇಡಿ.